ಕೆಳಗಿನ ಕೋರ್ಟಿನಲ್ಲಿ ಗೆದ್ದು ಅಪೀಲಿನಲ್ಲಿ ಸೋತೆವು. ಹೈಕೋರ್ಟು ಸಾಕ್ಷಿ ಪುನಃ ನೋಡುತ್ತದಾ?

ಹಿರಿಯಡ್ಕದವ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಉಂಟು, ಬೇಜಾರು ಮಾಡಬೇಡಿ.

ಅಪ್ಪನಿಗೆ ಈಗ 78. ಅಡಿಕೆ ತೋಟ, ಎರಡು ದನ, ಅಷ್ಟೇ. 2016ರ ಮೇ ತಿಂಗಳಲ್ಲಿ ಪರಿಚಯದವರೊಬ್ಬರು ಮನೆಗೆ ಬಂದರು. ಬೋಟಿನ ಎಂಜಿನ್ ಬದಲಿಸಬೇಕು, ಮಳೆಗಾಲದ ರಜೆಯಲ್ಲಿ ಕೆಲಸ ಮುಗಿಸಬೇಕು, ಆಗಸ್ಟಿನಲ್ಲಿ ಕಡಲಿಗೆ ಇಳಿದ ಕೂಡಲೇ ಕೊಡುತ್ತೇನೆ ಅಂದರು. ಅಪ್ಪ ಮೂರೂವರೆ ಲಕ್ಷ ಕೊಟ್ಟರು, ನಗದು. ಪ್ರೋನೋಟು, ಅಂದರೆ ಸಾಲ ತೀರಿಸುತ್ತೇನೆ ಅನ್ನುವ ಪತ್ರ, ಬರೆಸಿಕೊಂಡರು. ರೆವಿನ್ಯೂ ಸ್ಟಾಂಪಿನ ಮೇಲೆ ಅವರ ಸಹಿ ಉಂಟು, ವರ್ಷಕ್ಕೆ ಶೇಕಡಾ 12 ಬಡ್ಡಿ ಅಂತ ಬರೆದದ್ದೂ ಉಂಟು.

ಆಗಸ್ಟು ಬಂತು, ಹೋಯಿತು. ಮೂರು ಆಗಸ್ಟು ಹಾಗೇ ಹೋಯಿತು. 2019ರ ಏಪ್ರಿಲಿನಲ್ಲಿ, ಕೋರ್ಟಿನ ಬೇಸಿಗೆ ರಜೆ ಶುರುವಾಗುವ ಮೊದಲು, ಓಡೋಡಿ ಉಡುಪಿಯಲ್ಲಿ ದಾವೆ ಹಾಕಿದೆವು. ಅವರ ಜವಾಬು ಏನು ಗೊತ್ತಾ? ಸಹಿ ನನ್ನದೇ, ಆದರೆ ಹಣ ಪಡೆದಿಲ್ಲ, ಬೇರೆ ಯಾವುದೋ ವ್ಯವಹಾರಕ್ಕೆ ಖಾಲಿ ಕಾಗದಕ್ಕೆ ಸಹಿ ಹಾಕಿ ಕೊಟ್ಟಿದ್ದೆ ಅಂತ.

2022ರಲ್ಲಿ ನಮ್ಮ ಪರ ಡಿಕ್ರಿ ಆಯಿತು, ಅವರು ಹಣ ಕೊಡಬೇಕು ಅಂತ. ಅವರು ಸೀನಿಯರ್ ಸಿವಿಲ್ ಜಡ್ಜ್ ಕೋರ್ಟಿಗೆ ಅಪೀಲು ಹೋದರು. ಕಳೆದ ತಿಂಗಳು ಅಲ್ಲಿ ಡಿಕ್ರಿ ರದ್ದು, ದಾವೆ ವಜಾ.

ಒಬ್ಬ ಜಡ್ಜ್ ಅಪ್ಪನನ್ನು ನಂಬಿದರು, ಇನ್ನೊಬ್ಬರು ನಂಬಲಿಲ್ಲ. ಒಂದು-ಒಂದು ಸಮ ಆಯಿತಲ್ಲ? ಹೈಕೋರ್ಟು ಸಾಕ್ಷಿಗಳನ್ನೆಲ್ಲ ಪುನಃ ನೋಡಿ ಯಾರು ಸರಿ ಅಂತ ಹೇಳುತ್ತದಲ್ವಾ? ನಮ್ಮ ವಕೀಲರು ಯಾಕೋ ತಲೆ ಕೆರೆದುಕೊಳ್ಳುತ್ತಿದ್ದಾರೆ. ಬೆಂಗಳೂರಿನವರನ್ನು ಕೇಳಿ ಹೇಳುತ್ತೇನೆ ಅಂದಿದ್ದಾರೆ.

ಬಿಜೈ ಬ್ಯಾಂಕಿನವ

ಖಂಡಿತ ಹಾಕಿ ಅಣ್ಣ. ಸಹಿ ಒಪ್ಪಿಕೊಂಡ ಮೇಲೆ ಇನ್ನೆಂತ ಬೇಕು? ಹೈಕೋರ್ಟು ದೊಡ್ಡದು, ಅಲ್ಲಿ ಎಲ್ಲ ಬಿಡಿಸಿ ನೋಡುತ್ತಾರೆ.

ಅಲ್ಲ, ನಮ್ಮ ಊರಿನ ಕಥೆಯೇ ವಿಚಿತ್ರ ಮಾರಾಯ್ರೆ. 1906ರಲ್ಲಿ ಮಂಗಳೂರಿನಲ್ಲಿ ಒಂದು ಬ್ಯಾಂಕು, ಅದೇ ವರ್ಷ ಉಡುಪಿಯಲ್ಲಿ ಇನ್ನೊಂದು. 1924, 1925, 1931ರಲ್ಲಿ ಮತ್ತೆ ಮೂರು. ದಿನಕ್ಕೆ ನಾಲ್ಕಾಣೆ ಎಂಟಾಣೆ ಪಿಗ್ಮಿ ಕಟ್ಟಿಸಿಕೊಂಡು ಬ್ಯಾಂಕು ಬೆಳೆಸಿದ ಊರು ಇದು. ಆದರೂ ಮೂರೂವರೆ ಲಕ್ಷವನ್ನು ಜಗಲಿಯಲ್ಲಿ ಕೂತು ಕೈಯಿಂದ ಕೈಗೆ ಕೊಡುತ್ತೇವೆ. ಒಂದು ಚೆಕ್ ಬರೆದಿದ್ದರೆ ಇದೆಲ್ಲ ಇರುತ್ತಿತ್ತಾ?

ಕರಂಗಲ್ಪಾಡಿ ಕಪ್ಪುಕೋಟು

ಬ್ಯಾಂಕಿನವರೇ, ಕಡೆಯ ಮಾತು ಸರಿ. ಮೊದಲಿನ ಮಾತು ಸರಿಯಲ್ಲ.

ಹಿರಿಯಡ್ಕದವರೇ, ಸಮ ಆಯಿತು ಅನ್ನುವ ಲೆಕ್ಕ ತಲೆಯಿಂದ ತೆಗೆದುಬಿಡಿ. ಹೈಕೋರ್ಟು ಥರ್ಡ್ ಅಂಪೈರ್ ಅಲ್ಲ. ಎರಡು ಕೋರ್ಟು ಬೇರೆ ಬೇರೆ ಹೇಳಿದರೂ, ಹಣ ಕೊಟ್ಟರೋ ಇಲ್ಲವೋ ಅನ್ನುವ ಪ್ರಶ್ನೆಯಲ್ಲಿ ಕಡೆಯ ಮಾತು ಮೊದಲ ಅಪೀಲಿನ ಕೋರ್ಟಿನದು. ನಿಮ್ಮ ಕೇಸಿನಲ್ಲಿ ಆ ಕಡೆಯ ಮಾತು ಕಳೆದ ತಿಂಗಳು ಆಗಿಹೋಗಿದೆ.

ಸಿವಿಲ್ ಪ್ರಕ್ರಿಯಾ ಸಂಹಿತೆಯ 96ನೇ ಕಲಂ ಮೊದಲ ಅಪೀಲು. ಅಲ್ಲಿ ಎಲ್ಲವೂ ತೆರೆದಿರುತ್ತದೆ. ಸಾಕ್ಷಿ ಹೇಳಿದ್ದು, ಕಾಗದಪತ್ರ, ಕಾನೂನು, ಯಾವುದನ್ನು ಬೇಕಾದರೂ ಪುನಃ ತೂಗಬಹುದು. 100ನೇ ಕಲಂ ಎರಡನೇ ಅಪೀಲು. ಅಲ್ಲಿ ಒಂದೇ ಬಾಗಿಲು: ಮಹತ್ವದ ಕಾನೂನು ಪ್ರಶ್ನೆ. ಆ ಪ್ರಶ್ನೆಯನ್ನು ಹೈಕೋರ್ಟು ಮೊದಲು ಅಕ್ಷರದಲ್ಲಿ ಬರೆಯಬೇಕು, ಆಮೇಲೆ ವಿಚಾರಣೆ. ಪ್ರಶ್ನೆ ಹುಟ್ಟಲಿಲ್ಲವೋ, ದಾಖಲು ಹಂತದಲ್ಲೇ ವಜಾ.

ಇದು ಇವತ್ತಿನ ಕಟ್ಟುನಿಟ್ಟೂ ಅಲ್ಲ. 1890ರಲ್ಲಿ ದುರ್ಗಾ ಚೌಧರಾಣಿ ಅನ್ನುವ ಕೇಸಿನಲ್ಲಿ ಆಗ ನಮಗೆ ಎಲ್ಲಕ್ಕಿಂತ ಮೇಲಿನ ಕೋರ್ಟಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ಇದನ್ನೇ ಹೇಳಿತ್ತು. ವಾಸ್ತವಾಂಶದ ತೀರ್ಮಾನ ಎಷ್ಟೇ ದೊಡ್ಡ ತಪ್ಪಾಗಿರಲಿ, ಕ್ಷಮಿಸಲಾಗದ ತಪ್ಪೇ ಆಗಿರಲಿ, ಆ ಒಂದೇ ಕಾರಣಕ್ಕೆ ಎರಡನೇ ಅಪೀಲು ಇಲ್ಲ ಅಂತ. ಆಮೇಲೆ 1976ರ ತಿದ್ದುಪಡಿ ಬಂದು ಬಾಗಿಲು ಇನ್ನೂ ಸಣ್ಣದಾಯಿತು. ಅದಕ್ಕಿಂತ ಮೊದಲು ತೀರ್ಪು ಕಾನೂನಿಗೆ ವಿರುದ್ಧ ಅಂದರೂ, ಕ್ರಮದಲ್ಲಿ ದೊಡ್ಡ ದೋಷ ಅಂದರೂ ಒಳಗೆ ಬರಬಹುದಿತ್ತು. ಈಗ ಬರೀ ಕಾನೂನು ಪ್ರಶ್ನೆ ಸಾಲದು, ಮಹತ್ವದ್ದಾಗಿರಬೇಕು.

ಹಿರಿಯಡ್ಕದವ

ಹಾಗಾದರೆ ತಪ್ಪು ಮಾಡಿದರೂ ಕೇಳುವವರಿಲ್ಲ ಅಂತಲಾ ವಕೀಲ್ರೆ? ಅಪ್ಪ ಸುಳ್ಳು ಹೇಳುವ ಜನ ಅಲ್ಲ. ಇಡೀ ಊರಿಗೆ ಗೊತ್ತು.

ನಿವೃತ್ತ ಶಿರಸ್ತೇದಾರ

ಊರಿಗೆ ಗೊತ್ತಿದ್ದದ್ದು ಫೈಲಿಗೆ ಗೊತ್ತಿರಬೇಕಲ್ಲ ಮಗಾ.

ನಾನು ಮೂವತ್ತು ವರ್ಷ ಕೋರ್ಟಿನ ಕೋಣೆಯಲ್ಲಿ ಕೂತವ. ಒಂದು ವಿಷಯ ಹೇಳುತ್ತೇನೆ. ಸಾಕ್ಷಿ ಕಟಕಟೆಯಲ್ಲಿ ನಿಂತಾಗ ಅವರ ಮುಖ, ತಡವರಿಕೆ, ಸಿಟ್ಟು, ಇದನ್ನೆಲ್ಲ ನೋಡುವುದು ಕೆಳಗಿನ ಜಡ್ಜ್ ಒಬ್ಬರೇ. ಅಪೀಲಿನ ಕೋರ್ಟಿಗೆ ಹೋಗುವುದು ಟೈಪ್ ಆದ ಹಾಳೆ. ಆ ಹಾಳೆಯಲ್ಲಿ ಎಲ್ಲ ಸಾಕ್ಷಿಗಳೂ ಒಂದೇ ಧ್ವನಿಯಲ್ಲಿ ಮಾತಾಡುತ್ತಾರೆ. ಎದುರಿನ ವಕೀಲರು ಸಾಕ್ಷಿಯನ್ನು ಪ್ರಶ್ನಿಸುವ ಪಾಟೀಸವಾಲಿನ ಭಾಷೆ ನೋಡಿದ್ದೀರಲ್ಲ? ಎಲ್ಲ ಸಾಲೂ "ಎಂದರೆ ಸರಿ", "ಎಂದರೆ ಸರಿಯಲ್ಲ" ಅಂತಲೇ ಮುಗಿಯುತ್ತದೆ. ಹೈಕೋರ್ಟಿಗೆ ಹೋಗುವಷ್ಟರಲ್ಲಿ ಅದು ಇನ್ನೂ ಒಣಗಿರುತ್ತದೆ. ಅದಕ್ಕೇ ಮೇಲೆ ಹೋದಷ್ಟೂ ಕೋರ್ಟುಗಳು ಸಾಕ್ಷಿಯ ವಿಷಯಕ್ಕೆ ಕೈ ಹಾಕುವುದಿಲ್ಲ.

ನಿಮ್ಮ ಅಪ್ಪನ ಪಾಟೀಸವಾಲಿನಲ್ಲಿ ಏನಿದೆ ನೋಡಿ ಮೊದಲು.

ಕಾಪು ಅಕ್ಕ

ನನ್ನ ಚಿಕ್ಕಮ್ಮನ ಕೇಸಿನಲ್ಲಿ ಹೈಕೋರ್ಟಿನ ಬಾಗಿಲು ಪೂರ್ತಿ ಬಂದ್. ಟೈಲರಿಂಗ್ ಮಿಷನ್ನಿಗೆ ಅಂತ ಯಾರಿಗೋ 22,000 ಕೊಟ್ಟಿದ್ದರು. ಎರಡೂ ಕೋರ್ಟಿನಲ್ಲಿ ಸೋತರು. ಎರಡನೇ ಅಪೀಲು ಹಾಕೋಣ ಅಂದರೆ, ಹಣ ವಸೂಲಿಯ ದಾವೆ 25,000ಕ್ಕಿಂತ ಜಾಸ್ತಿ ಇಲ್ಲದಿದ್ದರೆ ಎರಡನೇ ಅಪೀಲೇ ಇಲ್ಲ ಅಂದರಂತೆ. ಕಾನೂನು ಪ್ರಶ್ನೆ ಇದ್ದರೂ ಇಲ್ಲವಂತೆ. ನಿಜವಾ?

ಕರಂಗಲ್ಪಾಡಿ ಕಪ್ಪುಕೋಟು

ನಿಜ ಅಕ್ಕ. ಅದೇ ಸಂಹಿತೆಯ 102ನೇ ಕಲಂ. ಮೊದಲು 3,000 ಇತ್ತು, 2002ರ ಜುಲೈಯಿಂದ 25,000. ಲೆಕ್ಕ ಹಿಡಿಯುವುದು ಮೂಲ ದಾವೆಯ ಮೊತ್ತವನ್ನು. ಆಮೇಲೆ ಬಡ್ಡಿ ಬೆಳೆದು ಎಷ್ಟಾಯಿತು ಅಂತ ಅಲ್ಲ. ಚಿಕ್ಕ ಮೊತ್ತಕ್ಕೆ ಬೆಂಗಳೂರಿನ ತನಕ ಜನ ಓಡಾಡುವುದು ಬೇಡ ಅಂತ ಇಟ್ಟದ್ದು. 22,000 ಯಾರಿಗೆ ಚಿಕ್ಕದು ಅನ್ನುವುದು ಬೇರೆ ಮಾತು.

ಹಿರಿಯಡ್ಕದವರ ದಾವೆ ಆ ಮಿತಿ ದಾಟಿದೆ. ಅವರಿಗೆ ಉಳಿದದ್ದು 100ನೇ ಕಲಮಿನ ತೊಂದರೆ ಮಾತ್ರ.

ಮತ್ತೆ, ನಿಮ್ಮ ಪ್ರಶ್ನೆ. ತಪ್ಪು ಮಾಡಿದರೂ ಕೇಳುವವರಿಲ್ಲವಾ ಅಂತ. ತಪ್ಪಿನಲ್ಲಿ ಎರಡು ತರ ಉಂಟು. ಇದ್ದ ಸಾಕ್ಷ್ಯವನ್ನು ತೂಗಿ ಇವರನ್ನು ನಂಬುತ್ತೇನೆ, ಅವರನ್ನು ನಂಬುವುದಿಲ್ಲ ಅಂದರೆ ಅದು ವಾಸ್ತವಾಂಶದ ತೀರ್ಮಾನ. ಅದು ತಪ್ಪೇ ಆದರೂ ಹೈಕೋರ್ಟು ಮುಟ್ಟುವುದಿಲ್ಲ. ಆದರೆ ಸಾಕ್ಷ್ಯವೇ ಇಲ್ಲದೆ ತೀರ್ಮಾನ ಮಾಡಿದರೆ, ಮುಖ್ಯವಾದ ದಾಖಲೆಯನ್ನು ನೋಡದೇ ಬಿಟ್ಟಿದ್ದರೆ, ದಾಖಲೆಯಲ್ಲಿ ಬರೆದದ್ದನ್ನು ಬೇರೆಯೇ ಅರ್ಥದಲ್ಲಿ ಓದಿದರೆ, ರುಜುವಾತಿನ ಹೊಣೆಯನ್ನು ಯಾರ ಮೇಲೆ ಹಾಕಬೇಕಿತ್ತೋ ಅವರ ಮೇಲೆ ಹಾಕದೆ ಇನ್ನೊಬ್ಬರ ಮೇಲೆ ಹಾಕಿದರೆ, ಆಗ ಅದು ಕಾನೂನಿನ ತಪ್ಪಾಗುತ್ತದೆ. ವಕೀಲರೆಲ್ಲ ಅಪೀಲು ಮೆಮೋದಲ್ಲಿ "ವಿಕೃತ ತೀರ್ಮಾನ" ಅಂತ ಬರೆಯುವುದು ಇದಕ್ಕೇ. ಬರೆಯುವುದು ಸುಲಭ. ತೋರಿಸುವುದು ಕಷ್ಟ.

ನಿಮ್ಮ ಅಪೀಲು ತೀರ್ಪಿನಲ್ಲಿ ಮೂರು ವಿಷಯ ಹುಡುಕಿ ಹಾಕಿ. ತೀರ್ಮಾನಕ್ಕೆ ಅಂತ ಬರೆದ ಅಂಶಗಳು ಯಾವುವು? ಕೆಳಗಿನ ಜಡ್ಜ್ ಕೊಟ್ಟ ಕಾರಣಗಳಿಗೆ ಉತ್ತರ ಎಲ್ಲಿದೆ? ಪ್ರೋನೋಟಿಗೆ ಹಣ ಸಂದಿದೆ ಅಂತ ಊಹಿಸಬೇಕು ಅನ್ನುವ 118ನೇ ಕಲಮಿನ ಅಂಕೆ ಎಲ್ಲಿಯಾದರೂ ಇದೆಯಾ? ಹೆಸರು, ದಾವೆ ನಂಬರು ಎಲ್ಲ ಬೇಡ.

ಮಲ್ಪೆ ಗಾಳಿ

ಒಂದು ನಿಮಿಷ. ಎಲ್ಲರೂ ಸಾಲ ಕೊಟ್ಟವರ ಕಡೆಯಿಂದಲೇ ಮಾತಾಡುತ್ತಿದ್ದೀರಿ. ನಾನು ಆಚೆ ಕಡೆಯವ.

ಹತ್ತು ವರ್ಷದ ಹಿಂದೆ ಒಬ್ಬರ ಹತ್ತಿರ ಎಂಬತ್ತು ಸಾವಿರ ತೆಗೆದುಕೊಂಡೆ. ಖಾಲಿ ಪ್ರೋನೋಟಿಗೆ ಸಹಿ ಹಾಕಿಸಿಕೊಂಡರು. ಅರುವತ್ತು ಸಾವಿರ ವಾಪಸ್ ಕೊಟ್ಟೆ, ರಶೀದಿ ಕೇಳುವ ಬುದ್ಧಿ ಇರಲಿಲ್ಲ. ಆಮೇಲೆ ನೋಡಿದರೆ ಅದೇ ಕಾಗದದಲ್ಲಿ ನಾಲ್ಕು ಲಕ್ಷ ಬರೆದು ದಾವೆ. ಎರಡೂ ಕೋರ್ಟಿನಲ್ಲಿ ಸೋತೆ. ಖಾಲಿ ಕಾಗದಕ್ಕೆ ಸಹಿ ಹಾಕಿ ಕೊಟ್ಟರೆ ತುಂಬಿಸಿಕೊಳ್ಳಲು ನೀನೇ ಅಧಿಕಾರ ಕೊಟ್ಟ ಹಾಗೆ ಅಂದರು. ಹೈಕೋರ್ಟಿಗೆ ಹೋದೆ. ಹಿಂದಿನ ರಾತ್ರಿ ಬಸ್ಸು ಹತ್ತಿ, ಶಿರಾಡಿಯಲ್ಲಿ ಮೂರು ಗಂಟೆ ಬ್ಲಾಕ್ ಆಗಿ, ಬೆಳಿಗ್ಗೆ ಮುಖ ತೊಳೆಯದೆ ಓಡಿ ಹೋಗಿ ನಿಂತೆ. ನನ್ನ ಕೇಸು ಕರೆದದ್ದು, ಮುಗಿದದ್ದು, ನಾಲ್ಕು ನಿಮಿಷ ಆಗಿರಬಹುದು. "ಎರಡೂ ಕೋರ್ಟಿನ ತೀರ್ಮಾನ ಒಂದೇ, ಕಾನೂನು ಪ್ರಶ್ನೆ ಎಲ್ಲಿದೆ?" ಅಂತ ಕೇಳಿದರು. ನಮ್ಮ ವಕೀಲರು ಪುನಃ ಕಥೆ ಶುರು ಮಾಡಿದರು. ವಜಾ.

ಹಾಗಾಗಿ ಸಹಿ ಉಂಟು ಅಂದ ಕೂಡಲೇ ಹಣ ಕೊಟ್ಟದ್ದು ಸತ್ಯ ಅಂತ ಯಾರೂ ಹೇಳಬೇಡಿ. ಹಿರಿಯಡ್ಕದವರ ಅಪ್ಪ ಒಳ್ಳೆಯವರೇ ಇರಬಹುದು. ನನಗೆ ಗೊತ್ತಿಲ್ಲ. ಆ ಜಡ್ಜಿಗೂ ಗೊತ್ತಿಲ್ಲ.

ಬಿಜೈ ಬ್ಯಾಂಕಿನವ

ಮಲ್ಪೆಯವರೇ, ಬೇಸರ ಮಾಡಿಕೊಳ್ಳಬೇಡಿ. ನಾನು ಆ ಅರ್ಥದಲ್ಲಿ ಹೇಳಿದ್ದಲ್ಲ. ಆದರೆ ಖಾಲಿ ಕಾಗದಕ್ಕೆ ಸಹಿ ಹಾಕುವುದು ಯಾಕೆ ಅಂತ ನನಗೆ ಇವತ್ತಿಗೂ ಅರ್ಥ ಆಗುವುದಿಲ್ಲ.

ಮಲ್ಪೆ ಗಾಳಿ

ಬೋಟು ದಡದಲ್ಲಿ ನಿಂತು ಮನೆಯಲ್ಲಿ ಅಕ್ಕಿ ಮುಗಿದರೆ ಅರ್ಥ ಆಗುತ್ತದೆ ಸರ್.

ಹಿರಿಯಡ್ಕದವ

ಎರಡು ದಿನ ರಾತ್ರಿ ಕೂತು ಓದಿದೆ. ತೀರ್ಪು 23 ಪುಟ. 17ನೇ ಪುಟದ ತನಕ ದಾವೆಯಲ್ಲಿ ಏನು ಹೇಳಿದರು, ಜವಾಬಿನಲ್ಲಿ ಏನು ಹೇಳಿದರು, ಯಾರು ಯಾವ ದಾಖಲೆ ಕೊಟ್ಟರು ಅಂತಲೇ ಉಂಟು. 18ನೇ ಪುಟದಲ್ಲಿ ತೀರ್ಮಾನಕ್ಕೆ ಅಂಶ ಎರಡೇ. ಒಂದು, ಕೆಳಗಿನ ಕೋರ್ಟಿನ ತೀರ್ಪಿನಲ್ಲಿ ಹಸ್ತಕ್ಷೇಪ ಬೇಕಾ? ಎರಡು, ಏನು ಆದೇಶ?

118 ಅನ್ನುವ ಅಂಕೆ ಹುಡುಕಿದೆ. ಒಂದೇ ಒಂದು ಕಡೆ ಉಂಟು, 9ನೇ ಪುಟದಲ್ಲಿ, ನಮ್ಮ ವಕೀಲರು ಹೀಗೆ ವಾದಿಸಿದರು ಅನ್ನುವ ಜಾಗದಲ್ಲಿ. ತೀರ್ಮಾನದ ಭಾಗದಲ್ಲಿ ಇಲ್ಲ. ಅಲ್ಲಿ ಇರುವುದು "ಹಣ ಕೊಟ್ಟಿರುವುದನ್ನು ರುಜುವಾತು ಮಾಡಲು ವಾದಿ ವಿಫಲರಾಗಿದ್ದಾರೆ" ಅಂತ.

ಈಗ ಪಾಟೀಸವಾಲು. ಇದನ್ನು ಹೇಳಲು ನನಗೇ ಕಷ್ಟ ಆಗುತ್ತದೆ. ನಾನು ಇಷ್ಟು ವರ್ಷದಲ್ಲಿ ಸರಿಯಾಗಿ ಓದಿಯೇ ಇರಲಿಲ್ಲ. ಹಾಗೇ ಟೈಪ್ ಮಾಡುತ್ತೇನೆ:

"ನಾನು 9-5-2016ರಂದು ಪ್ರತಿವಾದಿಗೆ ಪೂರ್ತಿ ಹಣ ಕೊಟ್ಟಿದ್ದೇನೆ ಎಂದರೆ ಸರಿ. ಅದರಲ್ಲಿ ಎರಡು ಲಕ್ಷ ಸೊಸೈಟಿಯಿಂದ ತೆಗೆದ ಹಣ ಎಂದರೆ ಸರಿ. ನಿಶಾನೆ ಪಿ-4 ಪಾಸ್‌ಬುಕ್ಕಿನ ಪ್ರಕಾರ ನಾನು ಎರಡು ಲಕ್ಷ ತೆಗೆದದ್ದು 12-5-2016ರಂದು ಎಂದರೆ ಸರಿ. ಹಣ ತೆಗೆಯುವ ಮೊದಲೇ ಕೊಟ್ಟಿದ್ದೇನೆಂದು ಸುಳ್ಳು ಹೇಳುತ್ತಿದ್ದೇನೆ ಎಂದರೆ ಸರಿಯಲ್ಲ. ಮರು ವಿಚಾರಣೆ: ಇಲ್ಲ."

ಈ ತಾರೀಕಿನ ವ್ಯತ್ಯಾಸವನ್ನು ಕೆಳಗಿನ ಜಡ್ಜ್ ವಯಸ್ಸಾದವರ ಮರೆವು ಅಂದಿದ್ದರು, ಅಪೀಲಿನ ಜಡ್ಜ್ ಸುಳ್ಳು ಅಂದಿದ್ದಾರೆ. ಮನೆಯಲ್ಲಿ ಅಪ್ಪನನ್ನು ಕೇಳಿದೆ. ಅವರು ತಡವರಿಸದೆ ಹೇಳಿದರು. 9ನೇ ತಾರೀಕು ಸೋಮವಾರ ಪ್ರೋನೋಟು ಬರೆದದ್ದು, ಅವತ್ತು ಅಡಿಕೆ ಮಾರಿದ ಒಂದೂವರೆ ಲಕ್ಷ ಮನೆಯಲ್ಲಿ ಇತ್ತು, ಅದನ್ನು ಕೊಟ್ಟೆ. ಉಳಿದ ಎರಡು ಲಕ್ಷ ಗುರುವಾರ ಸೊಸೈಟಿಯಿಂದ ತೆಗೆದು, ಸೊಸೈಟಿಯ ಮೆಟ್ಟಿಲಿನಲ್ಲೇ ಕೊಟ್ಟೆ. "ಹಾಗಾದರೆ ಕೋರ್ಟಿನಲ್ಲಿ ಇದನ್ನು ಯಾಕೆ ಹೇಳಲಿಲ್ಲ?" ಅಂದೆ. "ಅವರು ಕೇಳಲಿಲ್ಲ" ಅಂದರು.

ದಾವೆಯಲ್ಲೂ 9ಕ್ಕೇ ಪೂರ್ತಿ ಕೊಟ್ಟದ್ದು ಅಂತ ಬರೆದು ಬಿಟ್ಟಿದ್ದಾರೆ. ಅಪ್ಪ ಓದದೆ ಸಹಿ ಹಾಕಿದ್ದಾರೆ.

ನಿವೃತ್ತ ಶಿರಸ್ತೇದಾರ

ಅಯ್ಯೋ.

ಮರು ವಿಚಾರಣೆ ಅಂದರೆ ಪಾಟೀಸವಾಲು ಮುಗಿದ ಮೇಲೆ ನಮ್ಮದೇ ವಕೀಲರು ಪುನಃ ಪ್ರಶ್ನೆ ಕೇಳುವುದು. ಅದು ಇಲ್ಲ ಅನ್ನುವ ಆ ಮಾತು ಉಂಟಲ್ಲ, ಅದನ್ನು ಟೈಪ್ ಮಾಡುವಾಗ ನನಗೆ ಎಷ್ಟೋ ಸಲ ಎದ್ದು ನಿಂತು ಹೇಳಬೇಕು ಅನಿಸಿದ್ದುಂಟು. ಒಂದು ಪ್ರಶ್ನೆ ಸಾಕಿತ್ತು. ಹಣವನ್ನು ಒಟ್ಟಿಗೆ ಕೊಟ್ಟದ್ದಾ, ಎರಡು ಸಲ ಕೊಟ್ಟದ್ದಾ ಅಂತ.

ಕರಂಗಲ್ಪಾಡಿ ಕಪ್ಪುಕೋಟು

ಹಿರಿಯಡ್ಕದವರೇ, ಇಷ್ಟು ಪ್ರಾಮಾಣಿಕವಾಗಿ ಹಾಕಿದ್ದೀರಿ, ನಾನೂ ಹಾಗೇ ಹೇಳುತ್ತೇನೆ. ಫೈಲು ನೋಡದೆ ಹೇಳುವ ಮಾತು ಇದು, ಅದು ನೆನಪಿರಲಿ.

ಆ ಮೂರು ದಿನದ ವ್ಯತ್ಯಾಸ ಇದೆಯಲ್ಲ, ಅದೇ ನಿಮ್ಮ ಕೇಸು. ಕೆಳಗಿನ ಜಡ್ಜ್ ಅದನ್ನು ವಯಸ್ಸಾದವರ ಮರೆವು ಅಂತ ನೋಡಿದರು. ಅಪೀಲಿನ ಜಡ್ಜ್ ಅದನ್ನು ಸುಳ್ಳಿನ ಗುರುತು ಅಂತ ನೋಡಿದರು. ಒಂದೇ ಪಾಸ್‌ಬುಕ್, ಒಂದೇ ಸಾಲು, ಎರಡು ರೀತಿಯಲ್ಲೂ ಓದಬಹುದು. ಎರಡು ರೀತಿಯಲ್ಲಿ ಓದಬಹುದಾದ ಕಡೆ ಯಾವುದು ಸರಿ ಅಂತ ಹೈಕೋರ್ಟು ಆರಿಸುವುದಿಲ್ಲ. ಅಪ್ಪ ಮನೆಯಲ್ಲಿ ಹೇಳಿದ ಮಾತು ಈಗ ಎಷ್ಟು ನಿಜವಾದರೂ ಫೈಲಿನಲ್ಲಿ ಇಲ್ಲ.

ಹಾಗಂತ ಪೂರ್ತಿ ಕೈ ಬಿಡುವ ಕೇಸೂ ಅಲ್ಲ. ಎರಡು ಎಳೆ ಕಾಣುತ್ತದೆ.

ಮೊದಲನೆಯದು 118. 1881ರ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ ಪ್ರಕಾರ ಪ್ರೋನೋಟಿಗೆ ಪ್ರತಿಫಲ, ಅಂದರೆ ಇಲ್ಲಿ ಹಣ, ಸಂದಿದೆ ಅಂತಲೇ ಕೋರ್ಟು ಊಹಿಸಿಕೊಂಡು ಶುರು ಮಾಡಬೇಕು. ಸಹಿ ಒಪ್ಪಿಕೊಂಡವರು ಅದನ್ನು ಮುರಿಯಬೇಕು. ನಿಮ್ಮ ತೀರ್ಪಿನಲ್ಲಿ ವಾದಿ ರುಜುವಾತು ಮಾಡಲಿಲ್ಲ ಅಂತ ಶುರು ಮಾಡಿದ್ದಾರೆ. ಹೊಣೆ ತಲೆಕೆಳಗಾಗಿದೆ. ಇದು ಕಾನೂನಿನ ತಪ್ಪು ಅಂತ ಖಂಡಿತ ವಾದಿಸಬಹುದು.

ಆದರೆ ಎದುರಿನವರ ವಕೀಲರು ಏನು ಹೇಳುತ್ತಾರೆ ಅಂತ ನನಗೆ ಈಗಲೇ ಕೇಳಿಸುತ್ತಿದೆ. ಆ ಊಹೆಯನ್ನು ಮುರಿಯಲು ಪ್ರತಿವಾದಿ ತಾನೇ ಸಾಕ್ಷಿ ತರಬೇಕಂತಿಲ್ಲ. ವಾದಿಯ ಬಾಯಿಂದಲೇ ಬಂದದ್ದನ್ನು ತೋರಿಸಿ, ಹಣ ಸಂದಿಲ್ಲದಿರುವುದೇ ಹೆಚ್ಚು ಸಂಭವ ಅಂತ ಮಾಡಿದರೂ ಸಾಕು. ಪಾಸ್‌ಬುಕ್ ಅದನ್ನೇ ಮಾಡಿತು ಅನ್ನುತ್ತಾರೆ. ಹೈಕೋರ್ಟು ಅದನ್ನು ಒಪ್ಪಿದರೆ, 118 ಹೆಸರು ಬರೆಯದಿದ್ದರೂ ಫಲಿತಾಂಶ ಅದೇ ಅಂದುಬಿಡಬಹುದು.

ಎರಡನೆಯದು ತೀರ್ಪು ಬರೆದ ರೀತಿ. ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ಆದೇಶ 41ರ ನಿಯಮ 31 ಅಂತ ಉಂಟು. ಅಪೀಲಿನ ಕೋರ್ಟು ತೀರ್ಮಾನದ ಅಂಶ, ನಿರ್ಧಾರ, ಕಾರಣ ಎಲ್ಲ ಬರೆಯಬೇಕು. ಹಸ್ತಕ್ಷೇಪ ಬೇಕಾ ಅಂತ ಒಂದು ಸಾಲು ಬರೆದರೆ ಅದು ಅಂಶವೇ ಅಲ್ಲ ಅಂತ ಹೈಕೋರ್ಟುಗಳು ತುಂಬಾ ಸಲ ಹೇಳಿವೆ. ಅದರಲ್ಲೂ ಕೆಳಗಿನ ತೀರ್ಪನ್ನು ತಿರುಗಿಸುವಾಗ, ಆ ಜಡ್ಜ್ ಕೊಟ್ಟ ಕಾರಣಗಳ ಹತ್ತಿರ ಹೋಗಿ, ಅದು ಯಾಕೆ ಸರಿಯಲ್ಲ ಅಂತ ತನ್ನದೇ ಕಾರಣ ಕೊಡಬೇಕು. 2001ರ ಸಂತೋಷ್ ಹಜಾರಿ ಕೇಸಿನಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟವಾಗಿ ಹೇಳಿದೆ. ಕೆಳಗಿನ ತೀರ್ಪನ್ನು ಒಪ್ಪುವಾಗ ಸ್ವಲ್ಪ ಚುಟುಕಾದರೂ ನಡೆಯುತ್ತದೆ, ತಿರುಗಿಸುವಾಗ ನಡೆಯುವುದಿಲ್ಲ. 19ರಿಂದ 23ರ ತನಕದ ಪುಟದಲ್ಲಿ ಕೆಳಗಿನ ಜಡ್ಜ್ ಹೇಳಿದ ಮರೆವಿನ ಮಾತಿಗೆ ಉತ್ತರ ಉಂಟಾ?

ಹಿರಿಯಡ್ಕದವ

ಇಲ್ಲ ಸರ್. ಪಾಸ್‌ಬುಕ್ಕಿನ ತಾರೀಕು ಹೇಳಿದ್ದಾರೆ. ಆದರೆ ಕೆಳಗಿನ ಜಡ್ಜ್ ಅದನ್ನು ಯಾಕೆ ಒಪ್ಪಿದರು ಅನ್ನುವುದನ್ನು ಎತ್ತಿಯೇ ಇಲ್ಲ.

ಇನ್ನೊಂದು. ತಮ್ಮನ ಹಳೇ ಫೋನಿನಲ್ಲಿ ಎದುರಿನವರ ವಾಟ್ಸಾಪ್ ವಾಯ್ಸ್ ಮೆಸೇಜು ಸಿಕ್ಕಿದೆ. "ನಿಮ್ಮ ಅಪ್ಪನ ದುಡ್ಡು ಮುಂದಿನ ತಿಂಗಳು ಕೊಡುತ್ತೇನೆ" ಅಂತ. ಇದನ್ನು ಹೈಕೋರ್ಟಿಗೆ ಕೊಟ್ಟರೆ ಆಗುವುದಿಲ್ಲವಾ?

ನಿವೃತ್ತ ಶಿರಸ್ತೇದಾರ

ಇಷ್ಟು ವರ್ಷ ಆ ಫೋನು ಎಲ್ಲಿತ್ತು ಅಂತ ಕೇಳುತ್ತಾರೆ. ಅದಕ್ಕೆ ಉತ್ತರ ಉಂಟಾ? ಆದೇಶ 41ರ ನಿಯಮ 27. ಹೊಸ ಸಾಕ್ಷ್ಯಕ್ಕೆ ಮೂರೇ ದಾರಿ: ಕೆಳಗಿನ ಕೋರ್ಟು ತಪ್ಪಾಗಿ ನಿರಾಕರಿಸಿರಬೇಕು, ಅಥವಾ ಎಷ್ಟು ಹುಡುಕಿದರೂ ಆಗ ಸಿಗದೇ ಇದ್ದದ್ದಾಗಿರಬೇಕು, ಇಲ್ಲವೇ ತೀರ್ಪು ಕೊಡಲು ಕೋರ್ಟಿಗೇ ಬೇಕು ಅನಿಸಬೇಕು. ಮನೆಯ ಕಪಾಟಿನಲ್ಲೇ ಇದ್ದ ಫೋನಿಗೆ ಎರಡನೆಯ ದಾರಿ ಸಿಗುವುದು ಕಷ್ಟ. ಫೋನನ್ನು ಮಾತ್ರ ಎಸೆಯಬೇಡಿ, ಫಾರ್ಮ್ಯಾಟ್ ಮಾಡಬೇಡಿ. ಹೈಕೋರ್ಟು ಕೇಸನ್ನು ಕೆಳಗೆ ವಾಪಸ್ ಕಳಿಸಿದರೆ ಆಗ ಅದರ ಮಾತು ಬೇರೆ.

ಕಾಪು ಅಕ್ಕ

ನಗದು 20,000ಕ್ಕಿಂತ ಜಾಸ್ತಿ ಸಾಲ ಕೊಡುವ ಹಾಗೇ ಇಲ್ಲ ಅಂತಾರಲ್ಲ, ಇನ್‌ಕಮ್ ಟ್ಯಾಕ್ಸಿನವರು? ಅದನ್ನು ಹಿಡಿದು ಹಾಕಿದರೆ?

ಕರಂಗಲ್ಪಾಡಿ ಕಪ್ಪುಕೋಟು

ಸಾಲ ಕೊಟ್ಟಾಗ ಇದ್ದ ನಿಯಮ 1961ರ ಆದಾಯ ತೆರಿಗೆ ಕಾಯ್ದೆಯ 269ಎಸ್‌ಎಸ್. ಅದರ ದಂಡ ಬೀಳುವುದು ಸಾಲ ತೆಗೆದುಕೊಂಡವರ ಮೇಲೆ ಅಕ್ಕ. ಆ ನಿಯಮ ಮುರಿದರು ಅಂತ ಸಾಲವೇ ಇಲ್ಲ ಅಂತಾಗುವುದಿಲ್ಲ. ಎದುರಿನವರು ಅದನ್ನು ಎತ್ತದಿದ್ದರೆ ನಾವೇ ಎತ್ತುವುದು ಬೇಡ.

ಅದಕ್ಕಿಂತ ಮುಖ್ಯವಾದ ಒಂದು ಕೇಳಬೇಕಿತ್ತು. ಹಿರಿಯಡ್ಕದವರೇ, ಮೊದಲ ಅಪೀಲಿನಲ್ಲಿ ತಡೆಯಾಜ್ಞೆ ಕೊಡುವಾಗ ಅವರು ಕೋರ್ಟಿನಲ್ಲಿ ಹಣ ಇಟ್ಟಿದ್ದರಾ?

ಹಿರಿಯಡ್ಕದವ

ಹೌದು. ಎರಡೂವರೆ ಲಕ್ಷ ಇಟ್ಟಿದ್ದರು. ನಾವು ತೆಗೆಯಲಿಲ್ಲ. ಅಪ್ಪ, ಎಲ್ಲ ಮುಗಿದ ಮೇಲೆ ಒಟ್ಟಿಗೇ ತೆಗೆಯೋಣ ಅಂದಿದ್ದರು.

ಕರಂಗಲ್ಪಾಡಿ ಕಪ್ಪುಕೋಟು

ತೆಗೆಯದೇ ಇದ್ದದ್ದು ಒಳ್ಳೆಯದೇ ಆಯಿತು. ತೆಗೆದಿದ್ದರೆ ಈಗ ಸಂಹಿತೆಯ 144ನೇ ಕಲಂ ಹಿಡಿದು ವಾಪಸ್ ಕೇಳುತ್ತಿದ್ದರು. ಆದರೆ ಡಿಕ್ರಿ ರದ್ದಾದ ಕಾರಣ ಆ ಹಣ ತೆಗೆದುಕೊಳ್ಳಲು ಅವರು ಇವತ್ತೋ ನಾಳೆಯೋ ಅರ್ಜಿ ಹಾಕುತ್ತಾರೆ. ಅದು ಅವರ ಕೈ ಸೇರಿದರೆ, ಆಮೇಲೆ ನೀವು ಗೆದ್ದರೂ ಪುನಃ ವಸೂಲಿಗೆ ಅಮಲ್ಜಾರಿ, ಅಂದರೆ ಡಿಕ್ರಿಯನ್ನು ಜಾರಿ ಮಾಡಿಸುವ ಅರ್ಜಿ, ಅಂತ ಓಡಾಡಬೇಕು. ಹೈಕೋರ್ಟಿಗೆ ಹೋಗುವುದೇ ಆದರೆ ಬೇಗ ಹೋಗಿ, ಆ ಹಣ ಸದ್ಯಕ್ಕೆ ಕೊಡಬಾರದು ಅಂತ ಮಧ್ಯಂತರ ಅರ್ಜಿಯನ್ನೂ ಜೊತೆಯಲ್ಲೇ ಹಾಕಿ. ಅಪೀಲು ಹಾಕಲು 90 ದಿನ ಉಂಟು ಅಂತ ಕೂರಬೇಡಿ. ತೀರ್ಪಿನ ಪ್ರತಿಗೆ ಅರ್ಜಿ ಕೊಟ್ಟು, ಅದು ಸಿಗುವ ತನಕ ಹಿಡಿದ ದಿನಗಳು ಆ ಲೆಕ್ಕಕ್ಕೆ ಬರುವುದಿಲ್ಲ, ಆದರೂ.

ಕೋರ್ಟು ಫೀಯೂ ನೋಡಿಕೊಳ್ಳಿ. ದಾವೆಗೆ ಯಾವ ಲೆಕ್ಕವೋ ಅಪೀಲಿಗೂ ಅದೇ ಲೆಕ್ಕ. ಪುನಃ ಕಟ್ಟಬೇಕು.

ಬಿಜೈ ಬ್ಯಾಂಕಿನವ

ಮಂಗಳೂರಿಗೆ ಹೈಕೋರ್ಟಿನ ಪೀಠ ಬೇಕು ಅಂತ ಎಷ್ಟು ವರ್ಷದಿಂದ ಕೇಳುತ್ತಿದ್ದೇವೆ. ಧಾರವಾಡಕ್ಕೆ, ಕಲಬುರಗಿಗೆ 2008ರಲ್ಲೇ ಸಿಕ್ಕಿತು. ನಾವು ಇನ್ನೂ ಘಾಟಿ ಹತ್ತುತ್ತಲೇ ಇದ್ದೇವೆ. ಇಲ್ಲೇ ಪೀಠ ಇದ್ದಿದ್ದರೆ ಮಲ್ಪೆಯವರ ನಾಲ್ಕು ನಿಮಿಷಕ್ಕೆ ಎರಡು ರಾತ್ರಿ ಬಸ್ಸು ಬೇಕಿರಲಿಲ್ಲ.

ಮಲ್ಪೆ ಗಾಳಿ

ಪೀಠ ಇಲ್ಲಿದ್ದರೂ ನನ್ನದು ನಾಲ್ಕೇ ನಿಮಿಷ ಸರ್. ಬಸ್ಸಿನ ಖರ್ಚು ಉಳಿಯುತ್ತಿತ್ತು ಅಷ್ಟೇ.

ಹಿರಿಯಡ್ಕದವರೇ, ನನ್ನ ಕೇಸು ಕಡೆಗೆ ಮುಗಿದದ್ದು ಲೋಕ ಅದಾಲತ್‌ನಲ್ಲಿ. ಅಮಲ್ಜಾರಿ ಹಾಕಿ ಮನೆ ಜಪ್ತಿಗೆ ಬಂದಿದ್ದರು. ಕೂತು ಮಾತಾಡಿ ಕಂತು ಮಾಡಿಕೊಂಡೆವು. ಅಲ್ಲಿ ಆದದ್ದಕ್ಕೆ ಅಪೀಲು ಇಲ್ಲ, ಆದರೆ ಅಲ್ಲಿ ನಾನು ಹೇಳಿದ ಅರುವತ್ತು ಸಾವಿರದ ಮಾತನ್ನು ಕೇಳಿಸಿಕೊಂಡರು. ಕೋರ್ಟಿನಲ್ಲಿ ಯಾರೂ ಕೇಳಿಸಿಕೊಂಡಿರಲಿಲ್ಲ. ನಿಮ್ಮ ಎದುರಿನವರದ್ದೂ ಎರಡೂವರೆ ಲಕ್ಷ ಕೋರ್ಟಿನಲ್ಲಿ ಸಿಕ್ಕಿಹಾಕಿಕೊಂಡಿದೆ. ಅವರಿಗೂ ಅದು ಬಿಡಿಸಿಕೊಳ್ಳುವ ಅವಸರ ಇರುತ್ತದೆ. ಯೋಚನೆ ಮಾಡಿ.

ಹಿರಿಯಡ್ಕದವ

ಮೂರು ವಾರದ ನಂತರ ಬರೆಯುತ್ತಿದ್ದೇನೆ. ಎಲ್ಲರೂ ಕೇಳುತ್ತಿದ್ದಿರಿ, ಅದಕ್ಕೆ.

ಎದುರಿನವರ ಹತ್ತಿರ ಮಾತುಕತೆಗೆ ಒಬ್ಬರನ್ನು ಕಳಿಸಿದೆವು. ಒಂದು ಲಕ್ಷ ಕೊಡುತ್ತೇನೆ, ಬೇಕಾದರೆ ತೆಗೆದುಕೊಳ್ಳಿ ಅಂದರಂತೆ. ಅಪ್ಪ ಒಪ್ಪಲಿಲ್ಲ. ಒಂದು ಲಕ್ಷ ತೆಗೆದುಕೊಂಡರೆ ಉಳಿದದ್ದು ಸುಳ್ಳು ಅಂತ ಒಪ್ಪಿದ ಹಾಗಾಗುತ್ತದೆ ಅನ್ನುತ್ತಾರೆ.

ಬೆಂಗಳೂರಿನ ವಕೀಲರು ಎರಡನೇ ಅಪೀಲು ಹಾಕಿದ್ದಾರೆ. ಕಪ್ಪುಕೋಟಿನವರು ಹೇಳಿದ ಎರಡೇ ಎಳೆ. ಮೆಮೋದಲ್ಲಿ ಕಾನೂನು ಪ್ರಶ್ನೆ ಅಂತ ಬರೆದದ್ದು ಇಷ್ಟೇ. ಸಹಿ ಒಪ್ಪಿರುವಾಗ 118ನೇ ಕಲಮಿನ ಊಹೆಯನ್ನು ಪರಿಗಣಿಸದೆ ರುಜುವಾತಿನ ಹೊಣೆಯನ್ನು ವಾದಿಯ ಮೇಲೆ ಹಾಕಿದ್ದು ಸರಿಯಾ? ಕೆಳಗಿನ ಕೋರ್ಟಿನ ಕಾರಣಗಳನ್ನು ಚರ್ಚಿಸದೆ ತೀರ್ಪನ್ನು ತಿರುಗಿಸಿದ್ದು ಸರಿಯಾ? ಕೇಳಿದ್ದು ಕೇಸನ್ನು ಮೊದಲ ಅಪೀಲಿನ ಕೋರ್ಟಿಗೆ ವಾಪಸ್ ಕಳಿಸಿ ಅಂತ. ನೇರವಾಗಿ ಡಿಕ್ರಿ ಕೊಡಿ ಅಂತ ಕೇಳುವುದಕ್ಕಿಂತ ಇದೇ ನಡೆಯುವ ಮಾತು ಅಂದರು. ಠೇವಣಿಯ ಹಣಕ್ಕೆ ಮಧ್ಯಂತರ ಅರ್ಜಿಯೂ ಹೋಗಿದೆ.

ಅಪ್ಪನಿಗೆ ಮೆಮೋ ಓದಿ ಹೇಳಿದೆ. ಪೂರ್ತಿ ಕೇಳಿದರು. ಆಮೇಲೆ, "ಗುರುವಾರ ಸೊಸೈಟಿ ಮೆಟ್ಟಿಲಿನಲ್ಲಿ ಕೊಟ್ಟದ್ದು ಎಲ್ಲಿ ಬರೆದಿದ್ದಾರೆ?" ಅಂತ ಕೇಳಿದರು. ಅದು ಬರೆಯುವ ಹಾಗಿಲ್ಲ ಅಪ್ಪ ಅಂದೆ. "ನಾನೇ ಬಂದು ಹೇಳಿದರೆ?" ಅಂದರು. ಅಲ್ಲಿ ನಿಮ್ಮನ್ನು ಯಾರೂ ಕರೆಯುವುದಿಲ್ಲ ಅಂದೆ.

ಮೊದಲ ದಿನಾಂಕ ಮುಂದಿನ ತಿಂಗಳು. ಬರುವುದು ಬೇಡ, ವಕೀಲರೇ ನೋಡಿಕೊಳ್ಳುತ್ತಾರೆ ಅಂತ ಹೇಳಿ ಆಗಿದೆ. ಆದರೂ ಅಪ್ಪ ಪಾಸ್‌ಬುಕ್ಕಿನ ಜೆರಾಕ್ಸನ್ನು ಪ್ಲಾಸ್ಟಿಕ್ ಕವರಿಗೆ ಹಾಕಿ, ಬೆಂಗಳೂರು ಬಸ್ಸಿಗೆ ಎಷ್ಟು ದಿನ ಮೊದಲು ಟಿಕೆಟ್ ಮಾಡಬೇಕು ಅಂತ ಕೇಳುತ್ತಿದ್ದಾರೆ.